ಉತಾರದಲ್ಲಿ ಇಲ್ಲದ ಹೆಸರು

ಭಾರತ ಹುಣ್ಣಿಮೆ ಕಳೆದು ನಾಲ್ಕು ದಿನವಾಗಿತ್ತು. ಕಿತ್ತೂರಿನಲ್ಲಿ ಬಸ್ ಇಳಿದಾಗ ನನ್ನ ಕೈಚೀಲದಲ್ಲಿ ಒಂದು ನೋಟ್‌ಬುಕ್ಕು, ತಲೆಯಲ್ಲಿ ಒಂದೇ ಪ್ರಶ್ನೆ. ‘ನಿಮ್ಮ ಓಣಿಯಲ್ಲಿ ಗಂಡ ಹೊಡೆಯುವುದು ಇದೆಯೇ’ ಎಂದು ಕೇಳಿದರೆ ಜನ ನೆಲ ನೋಡುತ್ತಾರೆ, ಸೆರಗು ಸರಿ ಮಾಡಿಕೊಳ್ಳುತ್ತಾರೆ, ‘ನಮ್ಮ ಕಡೆ ಅಂಥಾದ್ದೇನಿಲ್ಲರಿ’ ಎನ್ನುತ್ತಾರೆ. ಇದನ್ನು ಹಿಂದೆ ಎರಡು ಮೂರು ಸಲ ಮಾಡಿ ಕೈಸುಟ್ಟುಕೊಂಡಿದ್ದೆ. ಅದಕ್ಕೇ ಈ ಸಲ ಪ್ರಶ್ನೆ ಬದಲಿಸಿದ್ದೆ: ‘ಹೊಡತ ತಿಂದಾಕಿ ಆವತ್ತ ರಾತ್ರಿ ಎಲ್ಲಿ ಮಲಗತಾಳ?’

ಹೆದ್ದಾರಿಯ ಪಕ್ಕ ಚಹಾ ಮಾರುವ ಹೆಂಗಸು ಸೋಸುತ್ತಿದ್ದ ಕೈ ನಿಲ್ಲಿಸದೆಯೇ ಉತ್ತರ ಕೊಟ್ಟಳು. ‘ಮಗ್ಗಲ ಮನ್ಯಾಗ ರೀ. ನಸುಕಿನ್ಯಾಗ ಎದ್ದು ಹೊಳ್ಳಿ ಹೋಗಿ ಅಂಗಳಾ ಕಸಾ ಹೊಡೀತಾಳ. ಅಂಗಳಾ ಹಂಗ ಬಿಟ್ರ ಊರಿಗೆಲ್ಲಾ ಗೊತ್ತಾಗತೈತಲ್ರಿ.’ ಇದೆಯೋ ಇಲ್ಲವೋ ಎಂಬ ಮಾತೇ ಬರಲಿಲ್ಲ. ಎಲ್ಲಿ ಎಂದು ಕೇಳಿದ್ದಕ್ಕೆ ಎಲ್ಲಿ ಎಂದು ಹೇಳಿದಳು. ಮುಂದಿನ ಊರುಗಳಲ್ಲೂ ಹೀಗೇ ಆಯಿತು.

ಕೋಟೆಯ ಕಡೆ ನಡೆದೆ. ಅರಮನೆ ಈಗ ದಪ್ಪ ಗೋಡೆಗಳ ಮೋಟು ಸಾಲು. ಧ್ರುವನಕ್ಷತ್ರ ನೋಡಲೆಂದು ಗೋಡೆಯಲ್ಲಿ ಇಟ್ಟ ಕಿಂಡಿಗೆ ಪ್ರವಾಸ ಬಂದ ಮಕ್ಕಳು ಸಾಲುಗಟ್ಟಿ ಕಣ್ಣಿಡುತ್ತಿದ್ದರು. ಹಗಲು ಹನ್ನೊಂದು ಗಂಟೆಗೆ ಅವರಿಗೆ ಏನು ಕಂಡಿತೋ. ಮಾಸ್ತರರು 1824ರ ಅಕ್ಟೋಬರ್ 23ರ ಕಥೆ ಹೇಳುತ್ತಿದ್ದರು: ಧಾರವಾಡದ ಕಲೆಕ್ಟರ್ ಥ್ಯಾಕರೆ ಈ ಕೋಟೆಯ ಮುಂದೆಯೇ ಬಿದ್ದದ್ದು. ‘ಚೆನ್ನಮ್ಮ ಯಾರಿಗೆ ಹೆದರಲಿಲ್ಲ?’ ಎಂದು ಅವರು ಕೇಳಿದರೆ ಮಕ್ಕಳು ಕೋಟೆ ಅದುರುವಂತೆ ‘ಬ್ರಿಟಿಷರಿಗೆ’ ಎಂದರು. ನನಗೆ ಬಂದದ್ದು ತುಸು ವಕ್ರ ಯೋಚನೆ. ಅವಳ ಗಂಡ ಮಲ್ಲಸರ್ಜ ತೀರಿಕೊಂಡದ್ದು 1816ರಲ್ಲಿ, ಮಲಮಗ ಶಿವಲಿಂಗರುದ್ರಸರ್ಜ 1824ರಲ್ಲಿ. ಮನೆಯಲ್ಲಿ ಯಜಮಾನ ಎನ್ನುವವನು ಯಾರೂ ಉಳಿಯದ ಮೇಲೆ ರಾಣಿ ಖಡ್ಗ ಹಿಡಿದಳು, ನಾವು ಅವಳನ್ನು ಕುದುರೆಯ ಮೇಲೆ ಕೂರಿಸಿದೆವು. ಹೊರಗಿನವರ ಮೇಲೆ ಕೈ ಎತ್ತಿದ ಹೆಂಗಸರ ಪುತ್ಥಳಿಗಳಿಗೆ ಈ ಸೀಮೆಯಲ್ಲಿ ಕಡಿಮೆಯಿಲ್ಲ. ಬೈಲಹೊಂಗಲ ತಾಲ್ಲೂಕಿನ ಬೆಳವಡಿಯಲ್ಲಿ ಮಲ್ಲಮ್ಮ ಶಿವಾಜಿಯ ಸೈನ್ಯಕ್ಕೇ ಎದುರು ನಿಂತಳು. ಒಳಗಿನವನ ಕೈ ಹಿಡಿದು ತಡೆದವಳ ಪುತ್ಥಳಿ ಮಾತ್ರ ನಾನು ಎಲ್ಲೂ ನೋಡಿಲ್ಲ.

ಕಿತ್ತೂರಿನಲ್ಲಿ ಹೆಚ್ಚು ನಿಲ್ಲಲಿಲ್ಲ. ಕಬ್ಬಿನ ಟ್ರ್ಯಾಕ್ಟರುಗಳ ಹಿಂದೆ ತೆವಳುತ್ತ ಬಸ್ಸು ಬೈಲಹೊಂಗಲ ಮುಟ್ಟಿತು.

ಚೆನ್ನಮ್ಮನ ಸಮಾಧಿ ಇರುವುದು ಇಲ್ಲಿ. ಕಿತ್ತೂರು ಸೋತ ಮೇಲೆ ಅವಳನ್ನು ತಂದಿಟ್ಟದ್ದು ಇಲ್ಲಿಯ ಕೋಟೆಯಲ್ಲಿ. ನಾಲ್ಕು ವರ್ಷ ಸೆರೆಯಲ್ಲಿದ್ದು 1829ರ ಫೆಬ್ರುವರಿ 2ರಂದು ಕಣ್ಣು ಮುಚ್ಚಿದಳು. ಸಮಾಧಿಗೆ ಕೈಮುಗಿದು ನಾನು ನೇರ ಹೋದದ್ದು ನೋಂದಣಿ ಕಚೇರಿಯ ಕಡೆಗೆ. ಮನೆಯೊಳಗಿನ ಹೊಡೆತದ ಬಗ್ಗೆ ಬರೆಯಲು ಬಂದವಳಿಗೆ ಅಲ್ಲೇನು ಕೆಲಸ ಎಂದು ಜೊತೆಗಿದ್ದ ಗೆಳತಿಯೂ ಕೇಳಿದಳು. ಅಲ್ಲಿಯೇ ಕೆಲಸ ಇತ್ತು.

ಗಿಡದ ನೆರಳಿನಲ್ಲಿ ಪತ್ರ ಬರೆಯುವವರ ಮೇಜು. ಎದುರಿಗೆ ಮೂವರು ಅಕ್ಕತಂಗಿಯರು, ಮೂವರಿಗೂ ಹೊಸ ಇಲಕಲ್ ಸೀರೆ, ಮಡಿಕೆಯ ಗೆರೆ ಇನ್ನೂ ಹೋಗಿಲ್ಲ. ಅಪ್ಪ ತೀರಿದ್ದ. ಅಣ್ಣನ ಹೆಸರಿಗೆ ಹೊಲ, ಮನೆ ಬಿಟ್ಟುಕೊಡಲು ಬಂದಿದ್ದರು. ಹೆಣ್ಣುಮಕ್ಕಳಿಗೂ ಹುಟ್ಟಿನಿಂದಲೇ ಪಾಲು ಎಂದು ಕರ್ನಾಟಕ ತನ್ನ ತಿದ್ದುಪಡಿ ತಂದದ್ದು 1994ರಲ್ಲಿ, ಇಡೀ ದೇಶಕ್ಕೆ ಅದು ಬಂದದ್ದು 2005ರಲ್ಲಿ. ಕಾಯ್ದೆ ಕೊಟ್ಟದ್ದನ್ನು ಮರಳಿ ಕೊಡುವ ಕಾಗದಕ್ಕೆ ಇಲ್ಲಿಯವರ ಬಾಯಲ್ಲಿ ‘ಹಕ್ಕುಸೋಡ ಪತ್ರ’ ಎಂದು ಹೆಸರು. ಸೋಡು ಎಂದರೆ ಮರಾಠಿಯಲ್ಲಿ ಬಿಡು. ಗಂಡ ಹೆಂಡತಿ ಬಿಡುವ ಕಾಗದ ‘ಸೋಡಚೀಟಿ’. ಹೆಂಗಸಿನ ಬಾಳಿನ ಎರಡೂ ಮನೆಗಳನ್ನು ಬಿಡಿಸುವ ಕಾಗದಗಳಿಗೆ ಒಂದೇ ಧಾತು ಸಿಕ್ಕಿದೆ.

‘ಯಾಕ ಬಿಡ್ತೀರಿ?’ ಎಂದು ಹಿರಿಯವಳನ್ನು ಕೇಳಿದೆ. ಅವಳಿಗೆ ನನ್ನ ದಡ್ಡತನ ಕಂಡು ನಗು ಬಂತು. ‘ತವರ ಬೇಕಲ್ರಿ ಅಕ್ಕಾರ. ನಾಳೆ ಏನರ ಆದ್ರ ಬಂದು ನಿಲ್ಲಾಕ ಜಾಗಾ ಬ್ಯಾಡೇನ್ರಿ? ಪಾಲ ತಗೊಂಡ್ರ ಅಣ್ಣ ಬಾಗಲಾ ತಗೀತಾನೇನು?’ ನಿಲ್ಲಲು ಜಾಗ ಬೇಕೆಂದು ಜಾಗ ಬರೆದುಕೊಡುವುದು! ಆಮೇಲೆ ಆಗುವುದನ್ನು ಪಕ್ಕದಲ್ಲಿ ಕುಳಿತ ಮಧ್ಯದ ತಂಗಿ, ಪತ್ರದ ಕಡೆ ನೋಡುತ್ತಲೇ, ತಗ್ಗಿದ ದನಿಯಲ್ಲಿ ಹೇಳಿದಳು. ಹೋದ ದೀಪಾವಳಿಗೆ ಮುಂದಿನ ಹಲ್ಲು ಅಲುಗಾಡುವಂತೆ ಪೆಟ್ಟು ತಿಂದು ತವರಿಗೆ ಬಂದಿದ್ದಳು. ಮೊದಲ ವಾರ ಅತ್ತಿಗೆ ಬಿಸಿ ರೊಟ್ಟಿ ಬಡಿದು ಹಾಕಿದಳು. ಮೂರನೆಯ ವಾರಕ್ಕೆ ‘ಎಷ್ಟ ದಿನ ಇರಾಕ ಬಂದಿ?’ ಎಂಬ ಮಾತು ಗೋಡೆಯ ಆಚೆಯಿಂದ ಕೇಳಿಸಿತು. ಅವ್ವ ಅಂದದ್ದು, ‘ತಾಳಿಕೊಂಡ ಹೋಗು ತಂಗಿ, ಇನ್ನೊಂದ ಕೂಸ ಆದ್ರ ಸುಧಾರಸ್ತಾನ.’ ಇಪ್ಪತ್ತೆರಡನೆಯ ದಿನ ಹೋದಳು. ಈಗ ಬಂದು ಸಹಿ ಮಾಡುತ್ತಿದ್ದಳು.

ಗಂಡನ ಮನೆಯ ಉತಾರದಲ್ಲಿ, ಅಂದರೆ ಆಸ್ತಿಯ ದಾಖಲೆಯಲ್ಲಿ, ಮಾವನ ಹೆಸರು, ತವರಿನ ಉತಾರದಲ್ಲಿ ಅಣ್ಣನದು. ಉತಾರ ತೆಗೆದು ನೋಡಿದರೆ ಇವಳು ಎರಡೂ ಕಡೆ ನೆಂಟಳು. ಯಾಕೆ ಬಿಟ್ಟು ಬರಲಿಲ್ಲ, ಯಾಕೆ ಸಹಿಸಿದಳು ಎಂದು ಪೇಟೆಯಲ್ಲಿ ಕುಳಿತು ಕೇಳುವವರೆಲ್ಲ ಒಂದು ದಿನ ಈ ಗಿಡದ ನೆರಳಿನಲ್ಲಿ ಕುಳಿತು ನೋಡಬೇಕು.

ಅಂಕಿಗಳನ್ನೂ ಇಲ್ಲಿಯೇ ಹೇಳಿಬಿಡುತ್ತೇನೆ. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ, 18ರಿಂದ 49 ವಯಸ್ಸಿನ ಮದುವೆಯಾದ ಹೆಂಗಸರ ಪೈಕಿ ಗಂಡನಿಂದ ಹಿಂಸೆ ಕಂಡವರು ಕರ್ನಾಟಕದಲ್ಲಿ ಶೇ 44.4. ದೇಶದ ಸರಾಸರಿ ಶೇ 29.3. ಹಿಂದಿನ ಸಮೀಕ್ಷೆಯಲ್ಲಿ ನಮ್ಮದು ಶೇ 20.6 ಇತ್ತು. ನಾಲ್ಕೈದು ವರ್ಷದಲ್ಲಿ ಹೊಡೆತ ಇಮ್ಮಡಿಯಾಯಿತೋ, ಹೇಳುವ ಬಾಯಿ ಇಮ್ಮಡಿಯಾಯಿತೋ ಎಂದು ವಾದಿಸಬಹುದು. ಚಹಾದಂಗಡಿಯವಳ ಉತ್ತರ ಕೇಳಿದ ಮೇಲೆ ಎರಡನೆಯದಕ್ಕೂ ಪಾಲಿದೆ ಎಂದು ನನಗನ್ನಿಸುತ್ತದೆ. ಹಾಗಿದ್ದರೆ ಹಿಂದಿನ ಅಂಕಿ ಸುಳ್ಳು ಸಮಾಧಾನ. ಅದೇ ಸಮೀಕ್ಷೆ ಇನ್ನೊಂದು ಪ್ರಶ್ನೆಯನ್ನೂ ಕೇಳಿತ್ತು: ಹೇಳದೆ ಹೊರಗೆ ಹೋದರೆ, ಅಡುಗೆ ಕೆಟ್ಟರೆ, ಅತ್ತೆ ಮಾವನಿಗೆ ಎದುರು ಮಾತಾಡಿದರೆ ಗಂಡ ಹೊಡೆಯುವುದು ಸರಿಯೇ? ಇಂಥ ಯಾವುದಾದರೂ ಒಂದು ಕಾರಣಕ್ಕೆ ಸರಿ ಎಂದವರು ನಮ್ಮ ರಾಜ್ಯದ ಗಂಡಸರಲ್ಲಿ ಶೇ 81.9, ಹೆಂಗಸರಲ್ಲಿ ಶೇ 76.9. ‘ಗಂಡ ಹೆಂಡರ ಜಗಳ ಉಂಡು ಮಲಗೂತನ’ ಎಂಬ ಗಾದೆ ಗಟ್ಟಿಯಾಗಿ ನಿಂತಿರುವುದು ಈ ಎರಡು ಅಂಕಿಗಳ ಮೇಲೆ. ಆದರೆ ಉಣ್ಣದೆ ಮಗ್ಗಲ ಮನೆಯಲ್ಲಿ ಮಲಗಿದವಳು ಆ ಗಾದೆಯ ಲೆಕ್ಕಕ್ಕೆ ಬರುವುದಿಲ್ಲ.

ಅದೇ ಸಂಜೆ, ನಲವತ್ತು ವರ್ಷ ಹಳ್ಳಿ ಹಳ್ಳಿ ತಿರುಗಿ ನಿವೃತ್ತರಾದ ನರ್ಸಬಾಯಿಯೊಬ್ಬರ ಮನೆಯಲ್ಲಿ ಕುಳಿತಿದ್ದೆ. ಗಾಯ ನೋಡಿದರೇ ಕಥೆ ಗೊತ್ತಾಗುತ್ತಿತ್ತು ಎಂದರು. ‘ಡಾವಿ ಗಲ್ಲಾ, ಡಾವಿ ಕಿವಿ. ಯಾಕಂದ್ರ ಹೊಡಿಯಾಂವ ಬಲಗೈಯಾಂವ.’ ಜೋರಾಗಿ ಕಪಾಳಕ್ಕೆ ಬಿಟ್ಟರೆ ಕಿವಿಯ ತಮಟೆ ಹರಿಯುತ್ತದೆ. ವರ್ಷಾನುಗಟ್ಟಲೆ ಹೊಡೆತ ತಿಂದವಳು ಕರೆದರೆ ಒಂದು ಕಡೆಗೆ ಮಾತ್ರ ತಿರುಗುತ್ತಾಳೆ, ಮನೆಯವರು ಅವಳನ್ನು ‘ಕಿವುಡಿ’ ಎಂದು ಇನ್ನೊಮ್ಮೆ ಬೈಯುತ್ತಾರೆ. ತಲೆ ಕಾಯಲು ಅಡ್ಡ ಹಿಡಿದ ಮುಂಗೈ ಮುರಿಯುತ್ತದೆ. ಅದಕ್ಕೂ ಮೊದಲು ಬಳೆ ಒಡೆದು ಚುಚ್ಚಿಕೊಳ್ಳುತ್ತದೆ. ನರ್ಸಬಾಯಿ ತಮ್ಮ ಕೈಯನ್ನೇ ಎತ್ತಿ ತೋರಿಸಿದರು, ಕಿರುಬೆರಳಿನ ಕಡೆಯ ಎಲುಬು, ಮಣಿಕಟ್ಟಿನಿಂದ ನಾಲ್ಕು ಬೆರಳು ಮೇಲೆ. ‘ಇಲ್ಲಿಂದ ಗಾಜಿನ ಚೂರ ಎಷ್ಟ ತಗದೇನೋ ನಾನು. ಕೆಂಪ ಹಸರ, ಚುಕ್ಕಿ ಬಳಿ.’ ಕೇಳಿದರೆ ಒಂದೇ ಉತ್ತರ, ಬಚ್ಚಲದಾಗ ಜಾರಿ ಬಿದ್ದೆ. ಹಿಂದೆ ಸ್ಟೋವ್ ಸಿಡಿಯುತ್ತಿತ್ತು. ಗ್ಯಾಸ್ ಬಂದ ಮೇಲೆ ಬಚ್ಚಲು ಜಾರುತ್ತದೆ.

ಗಾಯ ಇಲ್ಲದೆ ಬರುವವರೂ ಇದ್ದರಂತೆ. ನಿದ್ದೆ ಇಲ್ಲ, ಎದೆ ಡವಗುಟ್ಟುತ್ತದೆ, ಅನ್ನ ಸೇರುವುದಿಲ್ಲ, ಮೈಯೆಲ್ಲ ನೋವು ಎಂದು ತಿಂಗಳಿಗೊಮ್ಮೆ ಬಂದು ಸೂಜಿ ಹಾಕಿಸಿಕೊಂಡು ಹೋಗುವವರು. ಕೊನೆಗೊಂದು ದಿನ ಟಂಟಂನಲ್ಲಿ ಮಲಗಿಸಿಕೊಂಡು ತರುತ್ತಿದ್ದರು, ‘ಎಣ್ಣಿ ಕುಡದಾಳ’ ಎಂದು. ಹೊಲಕ್ಕೆ ಹೊಡೆಯುವ ಕ್ರಿಮಿನಾಶಕಕ್ಕೆ ಇಲ್ಲಿ ಎಣ್ಣಿ ಎನ್ನುತ್ತಾರೆ. ಪ್ರತಿ ಮನೆಯ ಅಟ್ಟದ ಮೇಲೂ ಒಂದು ಬಾಟಲಿ ಇದ್ದೇ ಇರುತ್ತದೆ. ‘ಮಕ್ಕಳ ಬಗ್ಗೆ ಬರೀರಿ’ ಎಂದರು ನರ್ಸಬಾಯಿ ಬಾಗಿಲ ತನಕ ಬಂದು. ಅಪ್ಪನ ಗಾಡಿಯ ಸದ್ದು ಕೇಳಿದ ಕೂಡಲೇ ಪಾಟಿಚೀಲ ಮಂಚದ ಕೆಳಗೆ ತಳ್ಳಿ ನಿದ್ದೆ ಬಂದವರಂತೆ ಮಲಗುವುದನ್ನು ಕಲಿತ ಮಕ್ಕಳ ಬಗ್ಗೆ.

ಮರುದಿನ ಸವದತ್ತಿ ಬಸ್ಸು. ಹುಣ್ಣಿಮೆ ಮುಗಿದಿದ್ದರೂ ಗುಡ್ಡಕ್ಕೆ ಹೋಗುವವರ ನೂಕುನುಗ್ಗಲು ಮುಗಿದಿರಲಿಲ್ಲ. ಹೆಂಗಸರ ಕೈಯಲ್ಲೆಲ್ಲ ಸೊನ್ನೆ ರೂಪಾಯಿಯ ಟಿಕೆಟ್. 2023ರ ಜೂನ್ 11ರಂದು ಶಕ್ತಿ ಯೋಜನೆ ಶುರುವಾದ ಮೇಲೆ ಯಲ್ಲಮ್ಮನ ಗುಡ್ಡಕ್ಕೆ ಹೆಂಗಸರ ಗದ್ದಲ ಹೆಚ್ಚಿದೆ ಎಂದು ನಗುವವರಿದ್ದಾರೆ. ನನ್ನ ಪಕ್ಕ ಕುಳಿತಾಕೆ ಗುಡ್ಡಕ್ಕೆ ಹೊರಟವಳಲ್ಲ. ಕೋರ್ಟಿನಲ್ಲಿ ತಾರೀಖು ಇತ್ತು. ‘ಮೊದಲ ತಾರೀಖಿಗೆ ಬರಾಕ ಅವನ ಕಡೇನ ರೊಕ್ಕಾ ಕೇಳಬೇಕಾಗಿತ್ರಿ’ ಎಂದು ಟಿಕೆಟ್ಟನ್ನು ಮಡಿಸಿ ತಾಳಿಯ ಜೊತೆ ಕುಪ್ಪಸದೊಳಗೆ ಇಟ್ಟುಕೊಂಡಳು.

ಗುಡ್ಡಕ್ಕೂ ಹೋದೆ. ಭಂಡಾರ ಮೆತ್ತಿದ ಮೆಟ್ಟಿಲು, ಚೌಡಕಿಯ ಸದ್ದು, ಉಧೋ ಉಧೋ ಎಂಬ ಕೂಗು. ರೇಣುಕೆಯ ಕಥೆ ಎಲ್ಲರಿಗೂ ಬಾಯಿಪಾಠ. ನೀರು ತರಲು ಹೋದವಳು ತಡ ಮಾಡಿದಳು, ಮನಸ್ಸು ಒಂದು ಗಳಿಗೆ ಅತ್ತಿತ್ತ ಹೋಯಿತು. ಗಂಡ ಜಮದಗ್ನಿಗೆ ಸಂಶಯ ಬಂತು, ಮಗ ಪರಶುರಾಮನ ಕೈಯಿಂದ ತಲೆ ಕಡಿಸಿದ. ಆಮೇಲೆ ಅದೇ ಮಗ ಬೇಡಿದ ವರದಿಂದ ಬದುಕಿದಳು. ತಡ ಮಾಡಿದ್ದು, ಸಂಶಯ, ಮಗನನ್ನು ತಾಯಿಯ ಮೇಲೆ ಎತ್ತಿಕಟ್ಟುವುದು. ಪೊಲೀಸ್ ಠಾಣೆಗೆ ಬರುವ ಅರ್ಜಿಗಳಲ್ಲೂ ಇವೇ ಮೂರು ಇರುತ್ತವೆ. ಹೊಸ್ತಿಲ ಹುಣ್ಣಿಮೆಗೆ ಜಮದಗ್ನಿ ಸತ್ತನೆಂದು ಇಲ್ಲಿ ಬಳೆ ಒಡೆಯುತ್ತಾರೆ, ಅದು ರಂಡಿ ಹುಣ್ಣಿಮೆ. ಭಾರತ ಹುಣ್ಣಿಮೆಗೆ ಮತ್ತೆ ಬಳೆ ತೊಡುತ್ತಾರೆ, ಅದು ಮುತ್ತೈದೆ ಹುಣ್ಣಿಮೆ. ತಲೆ ಕಡಿಸಿದ ಗಂಡನಿಗಾಗಿ ಪ್ರತಿ ವರ್ಷ ಬಳೆ ಒಡೆದುಕೊಳ್ಳುವ ದೇವಿ. ಬಳೆಗಾರರ ಸಾಲಿನಲ್ಲಿ ನಿಂತು ನನಗೆ ನರ್ಸಬಾಯಿಯ ಮುಂಗೈ ನೆನಪಾಯಿತು. ಭಕ್ತಿಯನ್ನು ಚುಚ್ಚುವುದು ನನ್ನ ಉದ್ದೇಶವಲ್ಲ. ಸಾಲಿನಲ್ಲಿದ್ದ ಮುದುಕಿಯೊಬ್ಬಳು ‘ಆಕೀಗೂ ಬಿಟ್ಟಿಲ್ಲ, ನಮಗ ಬಿಡ್ತಾರೇನ’ ಎಂದಳು. ಯಲ್ಲಮ್ಮ ಅವಳಿಗೆ ಹತ್ತಿರವಾದದ್ದು ಆ ದಾರಿಯಿಂದಲೇ.

ಈಗ ಕಾಗದದ ವಿಚಾರ. 2005ರ ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆ ಜಾರಿಗೆ ಬಂದದ್ದು 2006ರ ಅಕ್ಟೋಬರ್ 26ರಿಂದ. ಅದರಲ್ಲಿ ‘ಸಂರಕ್ಷಣಾಧಿಕಾರಿ’ ಎಂಬ ಹುದ್ದೆಯಿದೆ. ನಮ್ಮ ರಾಜ್ಯದಲ್ಲಿ ಆ ಹೊಣೆ ಶಿಶು ಅಭಿವೃದ್ಧಿ ಯೋಜನಾಧಿಕಾರಿಗಳ ಹೆಗಲ ಮೇಲೆ, ಅಂದರೆ ಜನರ ಬಾಯಲ್ಲಿ ಸಿಡಿಪಿಓ. ಅಂಗನವಾಡಿಯ ಮೊಟ್ಟೆ, ಬೇಳೆ, ಕಟ್ಟಡ, ಸಭೆ, ಇವುಗಳ ನಡುವೆ ಹೊಡೆತ ತಿಂದವಳ ವರದಿಯ ಕಾಗದವನ್ನೂ ಅವರೇ ಬರೆಯಬೇಕು. ಇದಕ್ಕೇ ಪ್ರತ್ಯೇಕವಾಗಿ ಒಬ್ಬರನ್ನು ತಾಲ್ಲೂಕಿಗೆ ಕೊಡದೆ ಇಷ್ಟು ವರ್ಷ ಕಳೆದದ್ದು ಸರ್ಕಾರಕ್ಕೆ ಶೋಭೆಯಲ್ಲ.

ಆ ಕಾಗದವನ್ನು ಎಲ್ಲರೂ ಒಮ್ಮೆ ಓದಬೇಕು. ಮೈಮೇಲಿನ ಹಿಂಸೆ, ಲೈಂಗಿಕ ಹಿಂಸೆ, ಮಾತಿನ ಮತ್ತು ಮನಸ್ಸಿನ ಹಿಂಸೆ, ಹಣಕಾಸಿನ ಹಿಂಸೆ ಎಂದು ವಿಭಾಗಗಳಿವೆ. ಒಂದೊಂದರ ಕೆಳಗೂ ಗುರುತು ಹಾಕಲು ಪಟ್ಟಿ. ಗಂಡು ಹುಟ್ಟಲಿಲ್ಲವೆಂದು ಹಂಗಿಸುವುದು. ಮನೆಯಿಂದ ಹೊರಗೆ ಬಿಡದಿರುವುದು. ಕೆಲಸಕ್ಕೆ ಹೋಗಲು ತಡೆಯುವುದು. ಊಟ, ಬಟ್ಟೆ, ಔಷಧಿಗೆ ಕೊಡದಿರುವುದು. ತವರಿನಿಂದ ತಂದ ಬಂಗಾರವನ್ನು ಕೇಳದೆ ಮಾರುವುದು. ಕೋರ್ಟಿನ ತಾರೀಖಿಗೆ ಹೋಗುತ್ತಿದ್ದ ಆ ಪಕ್ಕದ ಸೀಟಿನಾಕೆ ಇದನ್ನು ತುಂಬಿಸಿದ ದಿನವನ್ನು ಬಸ್ಸಿನಲ್ಲಿ ಹೇಳಿದ್ದಳು. ಅವಳು ಹೋದದ್ದು ಕೈ ಮುರಿದದ್ದನ್ನು ಹೇಳಲು. ಓದಿ ಹೇಳುತ್ತಿದ್ದವರು ಮುಂದಿನ ಸಾಲುಗಳಿಗೆ ಬಂದಾಗ ನಡುವೆ ತಡೆದು ಕೇಳಿದಳಂತೆ, ‘ಇದೂ ಇದರಾಗ ಬರತೈತೇನ್ರಿ?’ ಬಂಗಾರದ ಸಾಲಿಗೂ ಅದನ್ನೇ ಕೇಳಿದಳು. ಸಂಘದ ಸಾಲ ಅವಳ ಹೆಸರಿಗೆ, ರೊಕ್ಕ ಅವನ ಜೇಬಿಗೆ, ವಾರದ ಕಂತಿಗೆ ಹೊಡೆತ ಅವಳಿಗೆ. ಅದು ಎಲ್ಲಿ ಬರುತ್ತದೆ ಎಂದೂ ಕೇಳಿದಳು. ಹದಿಮೂರು ವರ್ಷದ ಸಂಸಾರದಲ್ಲಿ ಕೈ ಮುರಿದದ್ದು ಒಂದೇ ಸಲ. ಉಳಿದದ್ದಕ್ಕೆಲ್ಲ ಹೆಸರಿದೆ ಎಂದು ಗೊತ್ತಾದದ್ದು ಆವತ್ತೇ.

ಕಾಯ್ದೆಯ ನಿಜವಾದ ಹಲ್ಲು 17ನೆಯ ಕಲಮಿನಲ್ಲಿದೆ. ಮನೆಯ ಮೇಲೆ ಹಕ್ಕು, ಉತಾರದಲ್ಲಿ ಹೆಸರು ಇರಲಿ ಬಿಡಲಿ, ಅವಳು ಬಾಳಿದ ಮನೆಯಲ್ಲಿ ಇರುವ ಅಧಿಕಾರ ಅವಳಿಗಿದೆ. ಮನೆ ಅತ್ತೆ ಮಾವನ ಹೆಸರಿನಲ್ಲಿದ್ದರೆ ಲಾಗೂ ಆಗದು ಎಂದು 2006ರಲ್ಲಿ ಸುಪ್ರೀಂ ಕೋರ್ಟು ಹೇಳಿಬಿಟ್ಟಿತ್ತು. ಮಾವನ ಹೆಸರಿನ ಮನೆಗಳೇ ತುಂಬಿರುವ ನಮ್ಮ ಸೀಮೆಗೆ ಅದರಿಂದ ಕಾಯ್ದೆಯ ಅರ್ಧ ಜೀವವೇ ಹೋಗಿತ್ತು. 2020ರ ಅಕ್ಟೋಬರ್ 15ರಂದು ಅದೇ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ಆ ತೀರ್ಪು ಸರಿಯಲ್ಲ ಎಂದು ತಿದ್ದಿತು. ಅರ್ಜಿ ಕೊಟ್ಟರೆ ಮೂರು ದಿನದೊಳಗೆ ಮೊದಲ ವಿಚಾರಣೆ, ಅರವತ್ತು ದಿನದೊಳಗೆ ಮುಗಿಸಲು ಯತ್ನಿಸಬೇಕು ಎಂದು ಕಾಯ್ದೆಯಲ್ಲಿದೆ. ಆದೇಶ ಮುರಿದ ಗಂಡನಿಗೆ ಒಂದು ವರ್ಷದವರೆಗೆ ಜೈಲು ಅಥವಾ 20,000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ವಕೀಲರಿಗೆ ಕೊಡಲು ರೊಕ್ಕ ಇಲ್ಲವೆಂದು ಹಿಂಜರಿಯಬೇಕಿಲ್ಲ, ಹೆಣ್ಣಾದರೆ ಸಾಕು, ಆದಾಯ ಎಷ್ಟೇ ಇರಲಿ ತಾಲ್ಲೂಕಿನ ಕಾನೂನು ಸೇವಾ ಸಮಿತಿಯಿಂದ ಪುಕ್ಕಟೆ ವಕೀಲರು ಸಿಗುತ್ತಾರೆ. ಪಕ್ಕದ ಸೀಟಿನಾಕೆಯ ಅರ್ಜಿಗೆ ಅದು ಹತ್ತನೆಯ ತಿಂಗಳು.

ಠಾಣೆಯ ದಾರಿ ಬೇರೆ. ಊರಿನ ಹೆಸರು ಬೇಡ. ಠಾಣೆಯೊಂದರ ಮುಂದಿನ ಕಟ್ಟೆಯ ಮೇಲೆ ಒಂದು ಗಂಟೆ ಕುಳಿತಿದ್ದೆ. ಒಳಗೆ ಗಂಡ, ಹೆಂಡತಿ, ಎರಡೂ ಕಡೆಯ ಹಿರಿಯರು. ಹೊರಗೆ ಬಂದಾಗ ಅವನ ಮುಚ್ಚಳಿಕೆ ಬರೆಸಿಕೊಂಡಿದ್ದರು. ಇನ್ನು ಮುಂದೆ ಹೊಡೆಯುವುದಿಲ್ಲ ಎಂದು. ಹಿರಿಯರೊಬ್ಬರು ಅವಳಿಗೂ ಬುದ್ಧಿ ಹೇಳಿದರು, ‘ನೀನೂ ಬಾಯಿ ಸಣ್ಣದ ಮಾಡ್ಕೊಬೇಕವ್ವಾ.’ ಗಂಡನ ಕ್ರೌರ್ಯವನ್ನು ಶಿಕ್ಷಿಸಲು 1983ರಲ್ಲಿ ಬಂದ 498-ಎ ಕಲಂ, 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆಯ 85 ಮತ್ತು 86ನೆಯದಾಗಿದೆ. ಅದರ ಹೆಸರು ಒಂದು ಗಂಟೆಯಲ್ಲಿ ಒಮ್ಮೆಯೂ ನನ್ನ ಕಿವಿಗೆ ಬೀಳಲಿಲ್ಲ. ಎಲ್ಲರೂ ಒಂದೇ ಟಂಟಂ ಹತ್ತಿದರು, ಗಂಡ ಮುಂದೆ ಚಾಲಕನ ಪಕ್ಕ, ಅವಳು ಹಿಂದೆ.

ಕುಡಿತದ ಮಾತು ಎತ್ತದೆ ಈ ಸೀಮೆಯಲ್ಲಿ ಯಾವ ಹೆಂಗಸೂ ಮಾತು ಮುಗಿಸಲಿಲ್ಲ. 2007ರ ಜುಲೈನಿಂದ ಸಾರಾಯಿ ನಿಂತಿತು. ಅಂಗಡಿಯ ಪಾಕೀಟು ಅದರ ಜಾಗಕ್ಕೆ ಬಂತು. 2019ರ ಜನವರಿಯಲ್ಲಿ ಮದ್ಯ ನಿಷೇಧಿಸಿ ಎಂದು ಹಳ್ಳಿಯ ಹೆಂಗಸರು ಚಿತ್ರದುರ್ಗದಿಂದ ಬೆಂಗಳೂರಿಗೆ ನಡೆದೇ ಹೋದರು. ಅವರ ಸಿಟ್ಟು ನ್ಯಾಯದ್ದೇ. ಆದರೂ ಆ ಸಮೀಕ್ಷೆಯ ಇನ್ನೊಂದು ಅಂಕಿ ನನ್ನನ್ನು ಬಿಡುತ್ತಿಲ್ಲ. ದೇಶದಲ್ಲಿ ಪದೇ ಪದೇ ಕುಡಿದು ಬರುವ ಗಂಡಂದಿರ ಹೆಂಡಿರಲ್ಲಿ ಶೇ 70 ಮಂದಿ ಹಿಂಸೆ ಕಂಡಿದ್ದಾರೆ. ಕುಡಿಯದ ಗಂಡಂದಿರ ಹೆಂಡಿರಲ್ಲಿ ಶೇ 23. ತುಟಿಗೆ ಹನಿ ಮುಟ್ಟಿಸದವನ ಮನೆಯಲ್ಲಿ ನಡೆಯುವ ಹೊಡೆತಕ್ಕೆ ಯಾವ ಅಂಗಡಿ ಮುಚ್ಚಿಸುವುದು?

ರಾಮದುರ್ಗ ಮುಟ್ಟಿದಾಗ ಹೊತ್ತು ಇಳಿಯುತ್ತಿತ್ತು. ಮಲಪ್ರಭೆಯ ಊರು, ನೇಕಾರರ ಊರು. ನೇಕಾರರ ಓಣಿಯಲ್ಲಿ ಮಗ್ಗ ಮನೆಯೊಳಗೇ. ಅವನು ನೇಯುತ್ತಾನೆ, ಅವಳು ಕಂಡಿಕೆ ಸುತ್ತುತ್ತಾಳೆ. ಕಂಡಿಕೆಗೆ ಕೂಲಿ ಪ್ರತ್ಯೇಕ ಇಲ್ಲ. ರಾತ್ರಿ ಹೊಡೆದವನ ಪಕ್ಕದಲ್ಲೇ ಬೆಳಿಗ್ಗೆ ಕುಳಿತು ಅವನ ಲಾಳಿಗೆ ನೂಲು ಒದಗಿಸಬೇಕು, ಹೊರಗೆ ದುಡಿಯಲು ಹೋದವಳಿಗೆ ಸಿಗುವ ಎಂಟು ತಾಸಿನ ಬಿಡುವೂ ಇವಳಿಗಿಲ್ಲ.

ನನ್ನನ್ನು ಕರೆದುಕೊಂಡು ಹೋದ ಅಂಗನವಾಡಿ ಟೀಚರು ಒಂದು ಮುದುಕಿಯ ಮನೆ ತೋರಿಸಿದರು. ಎಪ್ಪತ್ತು ದಾಟಿದ ಒಂಟಿ ಜೀವ. ಗಂಡ ತೀರಿದ ಮೇಲೆ ಮನೆ ಅವಳ ಹೆಸರಿಗೇ ಬಂದಿತ್ತು. ‘ಉತಾರದಾಗ ನನ್ನ ಹೆಸರ ಐತಿ’ ಎಂದು ಕೇಳುವ ಮೊದಲೇ ಹೇಳಿದಳು. ಆಕಡೆ ಈಕಡೆ ಎಂಟು ಹತ್ತು ಮನೆ, ಎಲ್ಲದರಲ್ಲೂ ಮಗ್ಗ. ಯಾವ ಮನೆಯಲ್ಲಿ ಏನು ನಡೆಯಿತು ಎಂದು ಹೇಗೆ ಗೊತ್ತಾಗುತ್ತದೆ ಎಂದೆ. ‘ಮಗ್ಗಾ ಹೊತ್ತಲ್ಲದ ಹೊತ್ತಿನ್ಯಾಗ ನಿಂತ್ರ ಗೊತ್ತಾಗತೈತಿ. ನಾ ಬಾಗಲಾ ತಗದ ಇಡತೇನಿ.’

ಒಳಗೆ ಗೋಡೆಗೆ ಆನಿಸಿ ಒಂದು ಕೌದಿ ಸುತ್ತಿಟ್ಟಿದ್ದಳು. ಬಿಡಿಸಿ ತೋರಿಸಿದಳು. ಹಳೆಯ ಸೀರೆಗಳ ತುಂಡು, ನಡುವೆ ಒಂದು ಹಸಿರು ಖಣ, ಅಂಚಿಗೆ ಕೆಂಪು ದಾರದ ದಬ್ಬಣದ ಹೊಲಿಗೆ. ಒಂದು ಮೂಲೆಯಲ್ಲಿ ಎಷ್ಟು ಒಗೆದರೂ ಹೋಗದ ಕಂದು ಕಲೆ. ಅದರ ಮೇಲೆ ಯಾರು ಯಾರು ಮಲಗಿದ್ದಾರೆ ಎಂದು ಕೇಳಿದೆ. ಹೆಸರು ಹೇಳಲಿಲ್ಲ. ‘ಇಬ್ಬರು ತಾಯಿ ಮಗಳು ಅದಾರ. ತಾಯಿ ಮಲಗಿದ್ಲು, ಇಪ್ಪತ್ತ ವರ್ಷದ ಮ್ಯಾಲ ಮಗಳೂ ಬಂದ ಮಲಗಿದ್ಲು’ ಎಂದಷ್ಟೇ ಹೇಳಿದಳು. ಗಂಡಸರು ಬಂದು ಬಾಗಿಲು ಬಡಿಯುವುದಿಲ್ಲವೇ? ಬಡಿಯುತ್ತಾರೆ. ಬೈಯುತ್ತಾರೆ. ಒಮ್ಮೆ ಹಂಚಿಗೆ ಕಲ್ಲು ಬಿದ್ದಿತ್ತು. ‘ಏನ ಮಾಡ್ಯಾರು? ಮನಿ ನಂದು.’

ಹೊರಗೆ ಕತ್ತಲಾಗಿತ್ತು. ಟೀಚರು ಗಡಿಯಾರ ನೋಡಿದರು. ರಾಮದುರ್ಗದಿಂದ ಬೆಳಗಾವಿಗೆ ಸುಮಾರು ನೂರು ಕಿಲೋಮೀಟರ್. ಬಿಡಿಸಿದ ಕೌದಿಯನ್ನು ಮಡಿಸುತ್ತಿದ್ದ ಮುದುಕಿ ಕೈ ನಿಲ್ಲಿಸಿ ನನ್ನ ಕಡೆ ತಿರುಗಿದಳು.

‘ನೀ ಎಲ್ಲಿ ಮಲಗತಿ ಯವ್ವಾ ಇವತ್ತ?’

ಕೊನೆಯ ಬಸ್ಸಿದೆ ಎಂದೆ. ಅವಳು ಕೌದಿಯನ್ನು ಮತ್ತೆ ಗೋಡೆಗೆ ಆನಿಸಲು ಹೋಗಲಿಲ್ಲ. ಬಸ್ಸು ತಪ್ಪಿದರೆ ಹೊಳ್ಳಿ ಬಾ ಎಂದು ಹೇಳಿ ಅದನ್ನು ತೊಡೆಯ ಮೇಲೆ ಇಟ್ಟುಕೊಂಡೇ ಕುಳಿತಳು.